ಸಿ.ಐ.ಡಿ. 999 ಚಿತ್ರಸರಣಿ

ಸಿ.ಐ.ಡಿ. 999 ಎಂಬುದು ಕನ್ನಡದ ಗೂಢಚಾರ ಸಾಹಸ ಚಿತ್ರಗಳ ಒಂದು ಸರಣಿ. ದೊರೈ-ಭಗವಾನ್ ಜೋಡಿ ನಿರ್ದೇಶಿಸಿದ ಈ ಸರಣಿಯಲ್ಲಿ ಒಟ್ಟು ನಾಲ್ಕು ಚಿತ್ರಗಳಿವೆ: ಜೇಡರ ಬಲೆ (1968), ಗೋವಾದಲ್ಲಿ ಸಿ.ಐ.ಡಿ. 999 (1968), ಆಪರೇಷನ್ ಜಾಕ್‌ಪಾಟ್‌ನಲ್ಲಿ ಸಿ.ಐ.ಡಿ. 999 (1969) ಮತ್ತು ಆಪರೇಷನ್ ಡೈಮಂಡ್ ರಾಕೆಟ್ (1978). ನಾಲ್ಕರಲ್ಲಿಯೂ ಗೂಢಚಾರ ಪ್ರಕಾಶನ ಪಾತ್ರವನ್ನು ರಾಜ್‌ಕುಮಾರ್ ನಿರ್ವಹಿಸಿದ್ದಾರೆ. ಜೇಮ್ಸ್ ಬಾಂಡ್ ಮಾದರಿಯ ನಾಯಕನನ್ನು ಕನ್ನಡ ಚಿತ್ರರಂಗಕ್ಕೆ ತಂದ ಸರಣಿಯೆಂದು ಇದು ಹೆಸರಾಗಿದೆ.

ಹಿನ್ನೆಲೆ

1962ರಲ್ಲಿ ತೆರೆಕಂಡ ಡಾಕ್ಟರ್ ನೋ ಚಿತ್ರದ ನಂತರ ಜಗತ್ತಿನ ಅನೇಕ ಭಾಷೆಗಳಲ್ಲಿ ಅಗ್ಗದ ಗೂಢಚಾರ ಚಿತ್ರಗಳು ಹುಟ್ಟಿಕೊಂಡವು. ಗುಪ್ತ ನೆಲೆ, ಕಳವಾದ ಸೂತ್ರ, ವಿಚಿತ್ರ ಯಂತ್ರ, ನೈಟ್‌ಕ್ಲಬ್ಬಿನ ನೃತ್ಯ ಇವು ಆ ಚಿತ್ರಗಳ ಸಾಮಾನ್ಯ ಸಾಮಗ್ರಿ. ರಟ್ಟಿನ ಗೋಡೆ ಅಲುಗಾಡಿದರೂ ಪ್ರೇಕ್ಷಕರು ನಕ್ಕು ಮುಂದೆ ನೋಡುತ್ತಿದ್ದರು. ಆ ನಗುವೂ ಮನರಂಜನೆಯ ಭಾಗವೇ ಆಗಿತ್ತು. ದಕ್ಷಿಣ ಭಾರತದಲ್ಲಿ ಈ ಅಲೆ 1966ರಲ್ಲಿ ಸ್ಪಷ್ಟವಾಗಿ ಕಾಣಿಸಿಕೊಂಡಿತು. ಆ ವರ್ಷ ತೆಲುಗಿನಲ್ಲಿ ಕೃಷ್ಣ ನಟಿಸಿದ ಗೂಢಚಾರಿ 116 ಹಾಗೂ ತಮಿಳಿನಲ್ಲಿ ಜೈಶಂಕರ್ ನಟಿಸಿದ ವಲ್ಲವನ್ ಒರುವನ್ ಬಿಡುಗಡೆಯಾದವು. ಗೂಢಚಾರಿ 116 ಮರುವರ್ಷವೇ ಫರ್ಜ್ ಎಂಬ ಹೆಸರಿನಲ್ಲಿ ಹಿಂದಿಗೆ ಹೋಯಿತು.

ಕನ್ನಡದಲ್ಲಿ ಪರಿಸ್ಥಿತಿ ಬೇರೆಯಾಗಿತ್ತು. ಕನ್ನಡ ಚಿತ್ರಗಳ ಮಾರುಕಟ್ಟೆ ಚಿಕ್ಕದು. ಚಿತ್ರೀಕರಣ ಬಹುಮಟ್ಟಿಗೆ ಮದ್ರಾಸಿನ ಸ್ಟುಡಿಯೋಗಳಲ್ಲಿ ನಡೆಯುತ್ತಿತ್ತು. ಗೋಕಾಕ, ಹುಕ್ಕೇರಿಯಂತಹ ಗಡಿಭಾಗದ ಊರುಗಳಲ್ಲಿ ಕನ್ನಡ ಚಿತ್ರಗಳು ಹಿಂದಿ, ಮರಾಠಿ ಚಿತ್ರಗಳೊಡನೆ ಪೈಪೋಟಿ ನಡೆಸಬೇಕಿತ್ತು. ಕನ್ನಡದ ಮೊದಲ ಪೂರ್ಣ ವರ್ಣಚಿತ್ರ ಅಮರಶಿಲ್ಪಿ ಜಕಣಾಚಾರಿ 1964ರಲ್ಲಿಯೇ ಬಂದಿದ್ದರೂ ಈ ಸರಣಿಯ ಮೊದಲ ಮೂರು ಚಿತ್ರಗಳು ಕಪ್ಪು-ಬಿಳುಪಿನವು. ಬಾಂಡ್ ಚಿತ್ರಗಳ ಆಕರ್ಷಣೆಯಲ್ಲಿ ಬಣ್ಣಕ್ಕೂ ವಿದೇಶೀ ತಾಣಗಳಿಗೂ ಇದ್ದ ಪಾಲನ್ನು ನೆನೆದರೆ, ಅವೆರಡೂ ಇಲ್ಲದೆ ಅದೇ ಬಗೆಯ ಕಥೆ ಹೇಳಲು ಹೊರಟದ್ದು ಸಣ್ಣ ಸಾಹಸವಲ್ಲ.

ಚಿತ್ರಗಳು

ಛಾಯಾಗ್ರಾಹಕ ಬಿ. ದೊರೈರಾಜ್ ಮತ್ತು ಎಸ್.ಕೆ. ಭಗವಾನ್ ಒಟ್ಟಾಗಿ ದೊರೈ-ಭಗವಾನ್ ಎಂಬ ಹೆಸರಿನಲ್ಲಿ ನಿರ್ದೇಶಿಸಿದ ಮೊದಲ ಚಿತ್ರ ಜೇಡರ ಬಲೆ. ಜಯಂತಿ ನಾಯಕಿ, ಹಾಸ್ಯಪಾತ್ರದಲ್ಲಿ ನರಸಿಂಹರಾಜು ಇದ್ದರು. ರಾಜ್‌ಕುಮಾರ್ ಅವರ ನೂರನೆಯ ಚಿತ್ರ ಭಾಗ್ಯದ ಬಾಗಿಲು ತೆರೆಕಂಡದ್ದೂ ಅದೇ ವರ್ಷ. ಬೇಡರ ಕಣ್ಣಪ್ಪನಿಂದ ಆರಂಭಿಸಿ ಪೌರಾಣಿಕ, ಐತಿಹಾಸಿಕ, ಭಕ್ತಿಪ್ರಧಾನ ಪಾತ್ರಗಳಲ್ಲಿ ಜನಮನ ಗೆದ್ದಿದ್ದ ನಟ ಸೂಟು ತೊಟ್ಟು ಪಿಸ್ತೂಲು ಹಿಡಿದು ನಿಂತದ್ದು ಅಂದಿನ ಪ್ರೇಕ್ಷಕರಿಗೆ ಹೊಸ ನೋಟವಾಗಿತ್ತು.

ಎರಡನೆಯ ಚಿತ್ರದ ಕಥಾಸ್ಥಳ ಗೋವಾ. ಪೋರ್ಚುಗೀಸರ ಆಳ್ವಿಕೆಯಿಂದ ಗೋವಾ ಬಿಡುಗಡೆಯಾದದ್ದು 1961ರ ಡಿಸೆಂಬರಿನಲ್ಲಿ. ಬೆಳಗಾವಿ ಜಿಲ್ಲೆಯವರಿಗೆ ಅದು ಘಟ್ಟ ಇಳಿದರೆ ಸಿಗುವ ನೆರೆಯ ನಾಡು. ಆದರೂ ಕಡಲತೀರ, ಚರ್ಚು, ಯುರೋಪಿಯನ್ ಶೈಲಿಯ ಕಟ್ಟಡಗಳಿಂದಾಗಿ ತೆರೆಯ ಮೇಲೆ ಅದು ವಿದೇಶದ ಕೊರತೆಯನ್ನು ನೀಗಬಲ್ಲದಾಗಿತ್ತು. ನಟಿ ಲಕ್ಷ್ಮಿ ಕನ್ನಡಕ್ಕೆ ಬಂದದ್ದು ಈ ಚಿತ್ರದಿಂದ. ಮೂರನೆಯ ಚಿತ್ರದ ನಾಯಕಿ ರೇಖಾ. ಬಾಲನಟಿಯಾಗಿ ತೆಲುಗಿನಲ್ಲಿ ಕಾಣಿಸಿಕೊಂಡಿದ್ದ ಅವರಿಗೆ ನಾಯಕಿಯಾಗಿ ಇದೇ ಮೊದಲ ಚಿತ್ರ. 1954ರಲ್ಲಿ ಜನಿಸಿದ ರೇಖಾ ಆಗ ಹದಿನೈದರ ಆಸುಪಾಸಿನ ಹುಡುಗಿ. ಹಿಂದಿಯ ಸಾವನ್ ಭಾದೋಂ ಬಂದದ್ದು ಮರುವರ್ಷ, 1970ರಲ್ಲಿ.

ಸುಮಾರು ಒಂಬತ್ತು ವರ್ಷಗಳ ಬಿಡುವಿನ ನಂತರ ಬಂದ ಆಪರೇಷನ್ ಡೈಮಂಡ್ ರಾಕೆಟ್ ವರ್ಣಚಿತ್ರ. ಪದ್ಮಪ್ರಿಯಾ ನಾಯಕಿಯಾಗಿದ್ದು, ವಜ್ರಮುನಿ, ತೂಗುದೀಪ ಶ್ರೀನಿವಾಸ್ ಮೊದಲಾದವರು ನಟಿಸಿದ್ದಾರೆ. ಈ ನಡುವೆ ದೊರೈ-ಭಗವಾನ್ ಕಸ್ತೂರಿ ನಿವಾಸ (1971), ಎರಡು ಕನಸು (1974) ಮುಂತಾದ ಕೌಟುಂಬಿಕ ಚಿತ್ರಗಳಿಂದ ಹೆಸರಾಗಿದ್ದರು. ಜನರ ನೆನಪಿನಲ್ಲಿಯೂ ಅವರ ಹೆಸರು ಗೂಢಚಾರ ಚಿತ್ರಗಳಿಗಿಂತ ಆ ಚಿತ್ರಗಳಿಗೇ ಹೆಚ್ಚು ಅಂಟಿಕೊಂಡಿದೆ.

ಖಳನಾಯಕಿಯ ಪ್ರಶ್ನೆ

ಪಾಶ್ಚಾತ್ಯ ಗೂಢಚಾರ ಚಿತ್ರಗಳಲ್ಲಿ ಖಳನಾಯಕಿಗೆ ಪ್ರಮುಖ ಸ್ಥಾನವಿತ್ತು. ಫ್ರಮ್ ರಷ್ಯಾ ವಿತ್ ಲವ್ (1963) ಚಿತ್ರದ ರೋಸಾ ಕ್ಲೆಬ್, ಥಂಡರ್‌ಬಾಲ್ (1965) ಚಿತ್ರದ ಫಿಯೋನಾ ವೋಲ್ಪೆ ಪ್ರಸಿದ್ಧ ಉದಾಹರಣೆಗಳು. ಅಗ್ಗದ ಅನುಕರಣೆಗಳು ಇನ್ನೂ ಮುಂದೆ ಹೋದವು. ಹಾಂಗ್‌ಕಾಂಗಿನಲ್ಲಿ ಚಿತ್ರಿತವಾದ ದಿ ಮಿಲಿಯನ್ ಐಸ್ ಆಫ್ ಸುಮುರು (1967) ಚಿತ್ರದಲ್ಲಿ ಶರ್ಲಿ ಈಟನ್ ನಟಿಸಿದ ಸುಮುರು, ಹೆಂಗಸರ ಪಡೆ ಕಟ್ಟಿ ಜಗತ್ತನ್ನೇ ಆಳಹೊರಟವಳು. ಕಥೆಯ ಉದ್ದೇಶ ಹೆಣ್ಣಿನ ಅಧಿಕಾರವನ್ನು ಗೇಲಿ ಮಾಡುವುದೇ ಆಗಿದ್ದರೂ, ಅಂತಹ ಚಿತ್ರಗಳಲ್ಲಿ ಸಂಚು ಹೂಡುವ ಬುದ್ಧಿ ಹೆಣ್ಣಿನದಾಗಿರುತ್ತಿತ್ತು.

ಸಿ.ಐ.ಡಿ. 999 ಸರಣಿಯಿಂದ ಅಂತಹ ಖಳನಾಯಕಿಯೊಬ್ಬಳ ಹೆಸರು ಜನರ ಬಾಯಲ್ಲಿ ಉಳಿಯಲಿಲ್ಲ. ಕನ್ನಡ ಚಿತ್ರಗಳಲ್ಲಿ ಹೆಣ್ಣಿನ ಕೇಡು ಬಹುಕಾಲ ಮನೆಯೊಳಗಿನದೇ ಆಗಿತ್ತು: ಮಲತಾಯಿ, ಗಯ್ಯಾಳಿ ಅತ್ತೆ, ಚಾಡಿ ಹೇಳುವ ನಾದಿನಿ. ರಮಾದೇವಿಯವರಂತಹ ಸಮರ್ಥ ನಟಿಯರು ಹೆಸರು ಮಾಡಿದ್ದು ಆ ಬಗೆಯ ಪಾತ್ರಗಳಲ್ಲಿ. ಖಳರ ಅಡ್ಡೆಯಲ್ಲಿ ಹೆಣ್ಣಿಗೆ ಸಿಕ್ಕಿದ್ದು ಹೆಚ್ಚಾಗಿ ಕ್ಲಬ್ ನರ್ತಕಿಯ ಪಾತ್ರ. ಸಂಚಿನ ಯಜಮಾನಿಕೆ ಗಂಡಿನ ಬಳಿಯೇ ಉಳಿಯಿತು. ಬಜೆಟ್ಟಿನ ಕೊರತೆ ಇದಕ್ಕೆ ಕಾರಣವಲ್ಲ. ರಹಸ್ಯ ನೆಲೆಗೆ ಹಣ ಬೇಕು, ಹೆಣ್ಣು ಯಜಮಾನಿಯಾಗಲು ಹೆಚ್ಚಿನ ಹಣವೇನೂ ಬೇಕಿರಲಿಲ್ಲ.

ಇದೇ ಅವಧಿಯಲ್ಲಿ ತೆಲುಗು ಚಿತ್ರರಂಗ ಬೇರೆ ದಾರಿ ಹಿಡಿಯಿತು. ನರ್ತಕಿಯ ಪಾತ್ರಗಳಿಗೆ ಹೆಸರಾಗಿದ್ದ ವಿಜಯಲಲಿತಾ, ಕೆ.ಎಸ್.ಆರ್. ದಾಸ್ ನಿರ್ದೇಶನದ ರೌಡಿ ರಾಣಿ (1970) ಚಿತ್ರದಲ್ಲಿ ಸ್ವತಃ ಸಾಹಸನಾಯಕಿಯಾದರು. ದಾಸ್ ಮುಂದೆ ಕನ್ನಡದಲ್ಲಿಯೂ ಕಳ್ಳ ಕುಳ್ಳ (1975), ಕಿಲಾಡಿ ಜೋಡಿ (1978) ಮೊದಲಾದ ಚಿತ್ರಗಳನ್ನು ನಿರ್ದೇಶಿಸಿದರು. ಆದರೆ ಅವು ಹೆಸರೇ ಹೇಳುವಂತೆ ಗಂಡು ಜೋಡಿಗಳ ಕಥೆಗಳು.

ಸಂಗೀತ

ಸರಣಿಗೆ ಸಂಗೀತ ನೀಡಿದವರು ಜಿ.ಕೆ. ವೆಂಕಟೇಶ್. ಮೊದಲ ಮೂರು ಚಿತ್ರಗಳ ಕಾಲದಲ್ಲಿ ರಾಜ್‌ಕುಮಾರ್ ಅವರ ಹಾಡಿನ ಕಂಠ ಪಿ.ಬಿ. ಶ್ರೀನಿವಾಸ್ ಅವರದು. ಸಂಪತ್ತಿಗೆ ಸವಾಲ್ (1974) ಚಿತ್ರದ ನಂತರ ರಾಜ್‌ಕುಮಾರ್ ತಮ್ಮ ಹಾಡುಗಳನ್ನು ತಾವೇ ಹಾಡತೊಡಗಿದ್ದರಿಂದ ಆಪರೇಷನ್ ಡೈಮಂಡ್ ರಾಕೆಟ್‌ನಲ್ಲಿ ಕೇಳಿಬರುವುದು ಅವರದೇ ಧ್ವನಿ. ಅದರಲ್ಲಿ ಅವರು ಹಾಡಿದ ಇಂಗ್ಲಿಷ್ ಸಾಹಿತ್ಯದ ಗೀತೆ ಅಂತರಜಾಲದ ಕಾಲದಲ್ಲಿ ಮತ್ತೆ ಜನಪ್ರಿಯವಾಯಿತು. ಕನ್ನಡವನ್ನೇ ಉಸಿರಾಡಿದ ನಟ ಇಂಗ್ಲಿಷಿನಲ್ಲಿ ಹಾಡಿ ಕುಣಿಯುವ ಸೊಗಸನ್ನು ಕನ್ನಡ ಬಾರದವರೂ ಮೆಚ್ಚಿದರು. ಆ ಚಿತ್ರ ತೆರೆಕಂಡ ನಾಲ್ಕು ವರ್ಷಗಳ ನಂತರ, 1982ರಲ್ಲಿ, ರಾಜ್‌ಕುಮಾರ್ ಗೋಕಾಕ್ ಚಳವಳಿಯ ಮುಂಚೂಣಿಗೆ ಬಂದರು. ಚಳವಳಿಯ ಹೆಸರು ಬಂದದ್ದು ವಿ.ಕೃ. ಗೋಕಾಕರ ಅಧ್ಯಕ್ಷತೆಯ ಸಮಿತಿಯಿಂದ, ಬೆಳಗಾವಿ ಜಿಲ್ಲೆಯ ಗೋಕಾಕ ಪಟ್ಟಣದಿಂದಲ್ಲ.