ಪಹಣಿಯಿಂದ ಗಣಕಯಂತ್ರದವರೆಗೆ: ಕೊಪ್ಪಳ ಸೀಮೆಯ ದಾಖಲೆಗಳ ಚರಿತ್ರೆ ಮತ್ತು ಹೊಣೆಗಾರಿಕೆಯ ಪ್ರಶ್ನೆ

೧

ಮನುಷ್ಯನು ವಿವೇಚಿಸಿ ಮಾಡಬೇಕಾದ ತೀರ್ಮಾನವನ್ನು ಯಂತ್ರದ ವಶಕ್ಕೆ ಒಪ್ಪಿಸುವುದು ಎಷ್ಟರ ಮಟ್ಟಿಗೆ ಧರ್ಮಸಮ್ಮತ ಎಂಬ ಪ್ರಶ್ನೆಯು ಈಗ ಎಲ್ಲ ದೇಶಗಳ ವಿದ್ವಾಂಸರನ್ನೂ ಕಾಡುತ್ತಿದೆ. ‘ಕೃತಕ ಬುದ್ಧಿ’ಯೆಂದು ಹೆಸರಾದ ಗಣಕಕ್ರಮವು ಹಿಂದಿನ ದಾಖಲೆಗಳ ದೊಡ್ಡ ರಾಶಿಯನ್ನು ಶೋಧಿಸಿ, ಅದರಲ್ಲಿ ಕಂಡ ಹೋಲಿಕೆಗಳ ಆಧಾರದಿಂದ ಮುಂದಿನ ಸಂಗತಿಗಳನ್ನು ಊಹಿಸುತ್ತದೆ. ಆ ಊಹೆಯ ಮೇಲೆ ಒಬ್ಬನಿಗೆ ಸಾಲವಾಗಲಿ ಪಡಿತರವಾಗಲಿ ಪರಿಹಾರವಾಗಲಿ ದೊರೆಯುವುದು ಅಥವಾ ತಪ್ಪುವುದು ನಿಂತಿರುವಾಗ, ಆ ಊಹೆಗೆ ಹೊಣೆಗಾರರು ಯಾರು?

ಇದನ್ನು ನಾಳಿನ ಪ್ರಶ್ನೆಯೆಂದು ಭಾವಿಸುವುದು ವಾಡಿಕೆ. ಆದರೆ ಇತಿಹಾಸದ ವಿದ್ಯಾರ್ಥಿಗೆ ಇದು ಹೊಸದಾಗಿ ತೋರಬೇಕಾಗಿಲ್ಲ. ಹೊಲದಲ್ಲಿ ನಿಂತ ರೈತನಿಗಿಂತ ದಫ್ತರದಲ್ಲಿರುವ ಬರೆಹಕ್ಕೆ ಹೆಚ್ಚಿನ ಬೆಲೆ ಬಂದ ದಿನವೇ ಈ ಪ್ರಶ್ನೆ ಹುಟ್ಟಿತು. ಪ್ರಸ್ತುತ ಲೇಖನದಲ್ಲಿ ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಎಂಬ ನಾಲ್ಕು ತಾಲ್ಲೂಕುಗಳ ದಾಖಲೆಗಳ ಚರಿತ್ರೆಯನ್ನು ಸಂಕ್ಷೇಪವಾಗಿ ಅವಲೋಕಿಸಿ, ಆ ಚರಿತ್ರೆಯು ಇಂದಿನ ವಿವಾದಕ್ಕೆ ಯಾವ ಬೆಳಕನ್ನು ಬೀರುತ್ತದೆ ಎಂಬುದನ್ನು ವಿಚಾರಿಸಲಾಗಿದೆ. ದಾಖಲೆಯನ್ನು ಸತ್ಯವೆಂದು ಮನ್ನಿಸಿದ ಕಾನೂನೇ ಅದಕ್ಕೆ ತಕರಾರು ಹೇಳುವ ಹಕ್ಕನ್ನೂ ರೈತನಿಗೆ ಕೊಟ್ಟಿತ್ತು. ಯಂತ್ರದ ಕಾಲದಲ್ಲಿ ಮನ್ನಣೆ ಮಾತ್ರ ಉಳಿದು ತಕರಾರಿನ ಹಕ್ಕು ಅಳಿಯಬಹುದೆಂಬುದೇ ನಮ್ಮ ಮುಂದಿರುವ ನಿಜವಾದ ಅಪಾಯ.

೨

ಈ ಸೀಮೆಯಲ್ಲಿ ರಾಜಾಜ್ಞೆಯ ಬರೆಹಕ್ಕೆ ಎರಡು ಸಾವಿರ ವರ್ಷಗಳಿಗೂ ಮಿಗಿಲಾದ ಚರಿತ್ರೆಯುಂಟು. ಕೊಪ್ಪಳದ ಗವಿಮಠ ಮತ್ತು ಪಾಲ್ಕಿಗುಂಡುಗಳಲ್ಲಿ ೧೯೩೧ರಲ್ಲಿ ಬೆಳಕಿಗೆ ಬಂದ ಅಶೋಕನ ಕಿರು ಬಂಡೆಶಾಸನಗಳು ಪ್ರಾಕೃತ ಭಾಷೆಯಲ್ಲಿ, ಬ್ರಾಹ್ಮೀ ಲಿಪಿಯಲ್ಲಿ ಇವೆ. ಅದೇ ಚಕ್ರವರ್ತಿಯು ಕಳಿಂಗದ ಪ್ರತ್ಯೇಕ ಶಾಸನಗಳಲ್ಲಿ ತನ್ನ ನ್ಯಾಯಾಧಿಕಾರಿಗಳಿಗೆ ವಿಧಿಸಿರುವ ಮಾತುಗಳು ಇಲ್ಲಿ ಸ್ಮರಣೀಯ. ಕಾರಣವಿಲ್ಲದೆ ಯಾರೂ ಸೆರೆಗೆ ಸಿಕ್ಕಬಾರದು. ಈರ್ಷ್ಯೆ, ಕೋಪ, ಆಲಸ್ಯ ಮೊದಲಾದ ದೋಷಗಳಿಂದ ನ್ಯಾಯವು ಕೆಡುತ್ತದೆ. ಆದುದರಿಂದ ಅಧಿಕಾರಿಗಳು ಅವುಗಳಿಂದ ದೂರವಿರಬೇಕು. ಅಲ್ಲದೆ, ಶಾಸನವನ್ನು ತಿಷ್ಯ ನಕ್ಷತ್ರದ ದಿನಗಳಲ್ಲಿ ಓದಿ ಕೇಳಿಸಬೇಕೆಂದೂ, ಅಧಿಕಾರಿಗಳ ನಡತೆಯನ್ನು ವಿಚಾರಿಸಲು ಐದು ವರ್ಷಕ್ಕೊಮ್ಮೆ ಮಹಾಮಾತ್ರನನ್ನು ಕಳುಹಿಸಲಾಗುವುದೆಂದೂ ಅಲ್ಲಿ ಹೇಳಿದೆ. ಅಧಿಕಾರಿಯ ನಿರ್ದೋಷತೆ, ಆಜ್ಞೆಯ ಬಹಿರಂಗತೆ, ಮೇಲಿನವರ ತಪಾಸಣೆ ಎಂಬ ಈ ಮೂರೂ ಕೂಡಿದಲ್ಲದೆ ಆಡಳಿತವು ನ್ಯಾಯವಾಗದೆಂಬ ಅರಿವು ಅಷ್ಟು ಪ್ರಾಚೀನವಾದುದು.

ಆಧುನಿಕ ಕಾಲಕ್ಕೆ ಬಂದರೆ, ಈ ನಾಲ್ಕು ತಾಲ್ಲೂಕುಗಳೂ ೧೯೪೮ರ ವರೆಗೆ ನಿಜಾಮರ ಹೈದರಾಬಾದು ರಾಜ್ಯದಲ್ಲಿದ್ದವು. ಕೊಪ್ಪಳ ಮತ್ತು ಯಲಬುರ್ಗಾಗಳು ಸಾಲಾರ್ ಜಂಗ್ ಮನೆತನದ ಜಹಗೀರು. ಗಂಗಾವತಿ ಮತ್ತು ಕುಷ್ಟಗಿಗಳು ಸರಕಾರದ ನೇರ ಆಡಳಿತಕ್ಕೊಳಗಾಗಿ ಮೊದಲು ಲಿಂಗಸುಗೂರು ಜಿಲ್ಲೆಯಲ್ಲಿದ್ದು, ೧೯೦೫ರಲ್ಲಿ ಆ ಜಿಲ್ಲೆಯು ರದ್ದಾದ ಮೇಲೆ ರಾಯಚೂರಿಗೆ ಸೇರಿದವು. ಹೀಗೆ ನೆರೆಹೊರೆಯ ಊರುಗಳಲ್ಲಿಯೇ ಒಂದು ಹೊಲದ ಲೆಕ್ಕ ಜಹಗೀರುದಾರನ ಕಚೇರಿಯಲ್ಲಿಯೂ ಇನ್ನೊಂದು ಹೊಲದ ಲೆಕ್ಕ ಸರಕಾರದ ಕಚೇರಿಯಲ್ಲಿಯೂ ಇರುತ್ತಿತ್ತು. ೧೮೫೩ರಿಂದ ೧೮೮೩ರ ವರೆಗೆ ದಿವಾನನಾಗಿದ್ದ ಮೊದಲನೆಯ ಸಾಲಾರ್ ಜಂಗನು ೧೮೬೫ರಲ್ಲಿ ಜಿಲ್ಲಾವಿಭಾಗದ ವ್ಯವಸ್ಥೆಯನ್ನು ತಂದು ಕಂದಾಯದ ಆಡಳಿತವನ್ನು ಕ್ರಮಗೊಳಿಸಿದನು. ಮೇಲಿನ ಕಚೇರಿಗಳ ಭಾಷೆ ಮೊದಲು ಪಾರಸಿ, ೧೮೮೦ರ ದಶಕದಿಂದೀಚೆಗೆ ಉರ್ದು. ಕನ್ನಡ ಮಾತ್ರ ಬಲ್ಲ ಒಕ್ಕಲಿಗನಿಗೂ ಆ ಬರೆಹಕ್ಕೂ ನಡುವೆ ನಿಂತವರು ಪಟೇಲರು ಮತ್ತು ಪಟವಾರಿಗಳು.

ಪಟವಾರಿಯ ಲೇಖನಿಗೆ ಎಷ್ಟು ಬಲವಿತ್ತೆಂಬುದಕ್ಕೆ ಆಣೇವಾರಿಯ ಪದ್ಧತಿಯೇ ನಿದರ್ಶನ. ಪೂರ್ಣ ಬೆಳೆಯನ್ನು ಹದಿನಾರು ಆಣೆಯೆಂದು ಹಿಡಿದು, ಆ ವರ್ಷದ ಬೆಳೆ ಎಷ್ಟು ಆಣೆಯದೆಂದು ಕಣ್ಣಳತೆಯಿಂದ ನಿರ್ಧರಿಸುತ್ತಿದ್ದರು. ಕಂದಾಯದ ಸೂಟಿಯು ಅದನ್ನು ಅವಲಂಬಿಸಿತ್ತು. ‘ಹದಿನಾರಾಣೆ ನಿಜ’ ಎಂಬ ನಮ್ಮ ಮಾತಿನಲ್ಲಿ ಆ ಎಣಿಕೆಯ ನೆನಪು ಇನ್ನೂ ಉಳಿದಿದೆ. ಮಳೆ ಕೈಕೊಟ್ಟ ಕುಷ್ಟಗಿಯ ಎರೆಹೊಲಕ್ಕೆ ನಾಲ್ಕಾಣೆಯ ಬದಲು ಎಂಟಾಣೆಯೆಂದು ಬರೆದರೆ ಒಂದು ಊರಿನ ಬಾಳೇ ಹಾಳಾಗಬಹುದಾಗಿತ್ತು. ಆದರೂ ಬರೆದವನು ಯಾರೆಂಬುದು ಊರಿಗೆ ತಿಳಿದಿತ್ತು. ಅವನ ಪಕ್ಷಪಾತವನ್ನು ಜನ ಬಲ್ಲವರಾಗಿದ್ದರು. ಅವನ ಮನೆಯ ಬಾಗಿಲಿಗೆ ಹೋಗಬಹುದಾಗಿತ್ತು. ಇದು ನ್ಯಾಯವಲ್ಲ, ಆದರೆ ಅನ್ಯಾಯಕ್ಕೆ ಒಂದು ಹೆಸರೂ ಒಂದು ಮುಖವೂ ಇದ್ದವು.

೩

೧೯೪೯ರಲ್ಲಿ ಜಹಗೀರುಗಳು ರದ್ದಾದವು. ಅದೇ ಕಾಲಕ್ಕೆ ಹೈದರಾಬಾದಿನಲ್ಲಿ ಹಕ್ಕುದಾಖಲೆಯ ನಿಬಂಧನೆಯೂ, ೧೯೫೦ರಲ್ಲಿ ಗೇಣಿಯ ಕಾನೂನೂ ಬಂದವು. ೧೯೫೬ರ ನವೆಂಬರ್ ೧ರಂದು ಈ ಪ್ರದೇಶವು ವಿಶಾಲ ಮೈಸೂರು ರಾಜ್ಯದಲ್ಲಿ ವಿಲೀನವಾಯಿತು. ವಂಶಪಾರಂಪರ್ಯವಾದ ಗ್ರಾಮಾಧಿಕಾರಗಳನ್ನು ರದ್ದುಪಡಿಸಿದ ೧೯೬೧ರ ಶಾಸನವು ೧೯೬೩ರಲ್ಲಿ ಜಾರಿಗೆ ಬಂದಿತು. ಪಟವಾರಿಯ ಸ್ಥಾನಕ್ಕೆ ಸಂಬಳದ ಗ್ರಾಮಲೆಕ್ಕಿಗನು ಬಂದನು. ೧೯೬೪ರ ಭೂಕಂದಾಯ ಶಾಸನವು ಈ ಬೆಳವಣಿಗೆಗೆ ಕಲಶವಿಟ್ಟಂತಾಯಿತು.

ಆ ಶಾಸನದ ಎರಡು ಅಂಶಗಳನ್ನು ವಾಚಕರು ಗಮನಿಸಬೇಕು. ಹಕ್ಕುದಾಖಲೆಯಲ್ಲಿರುವ ನಮೂದನ್ನು, ಅದಕ್ಕೆ ವಿರುದ್ಧವಾದುದು ಸಿದ್ಧವಾಗುವ ವರೆಗೆ, ನಿಜವೆಂದೇ ಭಾವಿಸತಕ್ಕದ್ದು ಎಂದು ೧೩೩ನೆಯ ಪ್ರಕರಣವು ವಿಧಿಸುತ್ತದೆ. ಇದು ಬರೆಹಕ್ಕೆ ಸಂದ ಮಹತ್ತಾದ ಮನ್ನಣೆ. ಆದರೆ ಆ ಮನ್ನಣೆಯನ್ನು ಕಾನೂನು ಪುಕ್ಕಟೆಯಾಗಿ ಕೊಡಲಿಲ್ಲ. ಹಕ್ಕು ಬದಲಾವಣೆಯ ನಮೂದಿನ ಪ್ರತಿಯನ್ನು ಚಾವಡಿಯಲ್ಲಿ ಎಲ್ಲರಿಗೂ ಕಾಣುವಂತೆ ಅಂಟಿಸಬೇಕು. ಸಂಬಂಧಪಟ್ಟವರಿಗೆ ಲಿಖಿತ ತಿಳಿವಳಿಕೆ ಕೊಡಬೇಕು. ಆಕ್ಷೇಪಣೆ ಬಂದರೆ ಅದನ್ನು ತಕರಾರು ವಹಿಯಲ್ಲಿ ದಾಖಲಿಸಿ ವಿಚಾರಣೆ ನಡೆಸಬೇಕು. ತೀರ್ಮಾನದ ಮೇಲೆ ಅಪೀಲಿಗೆ ಅವಕಾಶವಿರಬೇಕು. ಪ್ರಕಟಣೆ, ವಿಚಾರಣೆ, ಅಪೀಲು ಎಂಬ ಈ ಮೂರು ಮೆಟ್ಟಿಲುಗಳನ್ನು ಏರಿ ಬಂದ ಬರೆಹಕ್ಕೆ ಮಾತ್ರ ಸತ್ಯವೆಂಬ ಗೌರವ ಸಲ್ಲತಕ್ಕದ್ದೆಂಬುದೇ ಇದರ ತಾತ್ಪರ್ಯ.

ದಾಖಲೆಯ ಮಿತಿಯನ್ನು ಇನ್ನೂ ಸ್ಪಷ್ಟವಾಗಿ ತೋರಿಸಿದ್ದು ೧೯೭೪ರ ಮಾರ್ಚ್ ೧ರಿಂದ ಜಾರಿಗೆ ಬಂದ ಭೂಸುಧಾರಣೆಯ ತಿದ್ದುಪಡಿ. ಬಾಯಿಮಾತಿನ ಗೇಣಿಯಿಂದ ಉಳುತ್ತಿದ್ದ ಎಷ್ಟೋ ಮಂದಿಯ ಹೆಸರು ಪಹಣಿಯಲ್ಲಿ ಇರಲಿಲ್ಲ. ಭೂನ್ಯಾಯಮಂಡಲಿಗಳು ನೆರೆಹೊಲದವರ ಸಾಕ್ಷ್ಯವನ್ನು ಕೇಳಿದವು, ಸ್ಥಳಪರಿಶೀಲನೆಯನ್ನೂ ಮಾಡಿದವು. ಅವುಗಳ ತೀರ್ಮಾನಗಳಲ್ಲಿ ಕುಂದುಗಳಿರಲಿಲ್ಲವೆಂದಲ್ಲ. ಆದರೆ ಬರೆಹದಲ್ಲಿ ಇಲ್ಲದ ಮನುಷ್ಯನು ಹೊಲದಲ್ಲಿ ಇರಬಹುದೆಂಬ ತತ್ತ್ವವನ್ನು ರಾಜ್ಯವು ಅಲ್ಲಿ ಅಂಗೀಕರಿಸಿತು.

೪

೧೯೯೭-೯೮ರಲ್ಲಿ ಕೊಪ್ಪಳವು ರಾಯಚೂರಿನಿಂದ ಬೇರೆಯಾಗಿ ಸ್ವತಂತ್ರ ಜಿಲ್ಲೆಯಾಯಿತು. ಅದರ ಬೆನ್ನಿಗೇ ‘ಭೂಮಿ’ ಯೋಜನೆಯು ರಾಜ್ಯದ ಪಹಣಿಗಳನ್ನು ಗಣಕಯಂತ್ರಕ್ಕೆ ಏರಿಸಿತು. ಸುಮಾರು ೬೭ ಲಕ್ಷ ಭೂಮಾಲೀಕರ ಸುಮಾರು ೨ ಕೋಟಿ ದಾಖಲೆಗಳು ಹೀಗೆ ಕ್ರೋಡೀಕೃತವಾದವು. ೨೦೦೨ರ ವೇಳೆಗೆ ಕೈಬರೆಹದ ಪಹಣಿಯ ಕಾಲ ಮುಗಿಯಿತು. ಅದುವರೆಗೆ ಸುಮಾರು ೯ ಸಾವಿರ ಗ್ರಾಮಲೆಕ್ಕಿಗರ ಕೈಯಲ್ಲಿದ್ದ ದಫ್ತರಗಳು ತಾಲ್ಲೂಕು ಕೇಂದ್ರಕ್ಕೆ ಬಂದವು. ಆರಂಭದಲ್ಲಿ ೧೫ ರೂಪಾಯಿ ಕೊಟ್ಟವನಿಗೆ, ಯಾರ ಕೃಪೆಯನ್ನೂ ಬೇಡದೆ, ಪಹಣಿ ದೊರೆಯುವಂತಾಯಿತು. ಅರ್ಜಿಗಳನ್ನು ಬಂದ ಸರದಿಯಲ್ಲಿಯೇ ವಿಲೇವಾರಿ ಮಾಡಬೇಕೆಂಬ ನಿಯಮವು ಯಂತ್ರದಲ್ಲಿಯೇ ಅಡಕವಾಗಿತ್ತು. ಯಾವ ಅಧಿಕಾರಿಯು ಯಾವ ನಮೂದನ್ನು ಒಪ್ಪಿದನೆಂಬುದಕ್ಕೆ ಅವನ ಬೆರಳಚ್ಚಿನ ಗುರುತಿತ್ತು. ಇದು ಸಣ್ಣ ಉಪಕಾರವಲ್ಲ. ಯಂತ್ರವು ಹೊಣೆಯನ್ನು ಮರೆಸಲೇಬೇಕೆಂಬ ನಿಯಮವಿಲ್ಲ, ಅದನ್ನು ಗಟ್ಟಿಗೊಳಿಸಲೂ ಬಲ್ಲದೆಂಬುದಕ್ಕೆ ಇದೇ ಪ್ರಮಾಣ.

ಆದರೆ ಭೂಮಿಯ ಗಣಕವು ಬರೆದುದನ್ನು ಕಾಪಾಡುವ ಯಂತ್ರ. ತಾನೇ ತೀರ್ಮಾನಿಸುವ ಯಂತ್ರವಲ್ಲ. ಈಗ ನಾವು ಎರಡನೆಯ ಬಗೆಯ ಯಂತ್ರದ ಹೊಸ್ತಿಲಿನಲ್ಲಿದ್ದೇವೆ. ಬೆಳೆಯ ಅಂದಾಜನ್ನೇ ನೋಡಿರಿ. ಆಣೇವಾರಿಯ ಕಣ್ಣಳತೆಯ ದೋಷವನ್ನು ನೀಗಲು ಪಿ. ಸಿ. ಮಹಾಲನೋಬಿಸ್, ಪಿ. ವಿ. ಸುಖಾತ್ಮೆ ಮೊದಲಾದ ಸಂಖ್ಯಾಶಾಸ್ತ್ರಜ್ಞರು ೧೯೪೦ರ ದಶಕದಲ್ಲಿ ಯಾದೃಚ್ಛಿಕ ಮಾದರಿಯ ಬೆಳೆ ಕಟಾವು ಪ್ರಯೋಗವನ್ನು ನೆಲೆಗೊಳಿಸಿದರು. ಅದರಲ್ಲಿ ಬೆಳೆಯನ್ನು ಹೊಲದಲ್ಲಿಯೇ ಕೊಯ್ದು ತೂಗುವುದರಿಂದ ರೈತನು ತೂಕವನ್ನು ಕಣ್ಣಾರೆ ಕಾಣಬಹುದು. ೨೦೨೩ರ ಮುಂಗಾರಿನಿಂದ ಪ್ರಧಾನಮಂತ್ರಿ ಫಸಲ್ ಬಿಮಾ ಯೋಜನೆಯಲ್ಲಿ ಭತ್ತ ಮತ್ತು ಗೋಧಿಗಳಿಗೆ, ಉಪಗ್ರಹದ ಚಿತ್ರಗಳನ್ನೂ ಗಣಕದ ಮಾದರಿಗಳನ್ನೂ ಆಧರಿಸಿದ ಅಂದಾಜಿಗೆ ಕನಿಷ್ಠ ಶೇಕಡಾ ೩೦ರ ತೂಕ ಕೊಡಬೇಕೆಂದು ಕೇಂದ್ರ ಸರಕಾರವು ಗೊತ್ತುಮಾಡಿತು. ತುಂಗಭದ್ರೆಯ ಎಡದಂಡೆ ಕಾಲುವೆಯ ಗಂಗಾವತಿ ಭತ್ತದ ಸೀಮೆ. ಯಲಬುರ್ಗಾ, ಕುಷ್ಟಗಿಗಳು ಜೋಳ, ಸಜ್ಜೆ, ಕಡಲೆಗಳ ಒಣಬೇಸಾಯದ ಸೀಮೆ. ನೀರಾವರಿಯ ಒಂದೇ ಬಗೆಯ ವಿಸ್ತಾರವಾದ ಗದ್ದೆಗಳನ್ನು ಗುರುತಿಸುವುದು ಉಪಗ್ರಹಕ್ಕೆ ಸುಲಭ; ಒಂದೇ ಹೊಲದಲ್ಲಿ ಅಕ್ಕಡಿ ಸಾಲು ಹಾಕುವ ಒಣಸೀಮೆಯ ಬೇಸಾಯವನ್ನು ತಿಳಿಯುವುದು ಕಷ್ಟ. ಇಂಥ ಅಂದಾಜು ಎಲ್ಲ ಬೆಳೆಗಳಿಗೂ ಹಬ್ಬಿದ ದಿನ, ಅದರ ತಪ್ಪಿನ ಭಾರ ಬಡ ತಾಲ್ಲೂಕಿನ ಮೇಲೆಯೇ ಹೆಚ್ಚಾಗಿ ಬೀಳುವ ಸಂಭವವುಂಟು.

ಈ ಭಯವು ನಿರಾಧಾರವಲ್ಲವೆಂಬುದಕ್ಕೆ ಹಳೆಯ ಹೈದರಾಬಾದು ರಾಜ್ಯದ ಇನ್ನೊಂದು ಭಾಗವಾದ ತೆಲಂಗಾಣದಲ್ಲಿಯೇ ನಿದರ್ಶನವಿದೆ. ಅಲ್ಲಿಯ ಸರಕಾರವು ‘ಸಮಗ್ರ ವೇದಿಕ’ ಎಂಬ ಗಣಕವ್ಯವಸ್ಥೆಯಿಂದ ನಾನಾ ಇಲಾಖೆಗಳ ದಾಖಲೆಗಳನ್ನು ತಾಳೆ ನೋಡಿ, ಅನರ್ಹರೆಂದು ತೋರಿದವರಿಗೆ ಪಡಿತರವನ್ನು ನಿಲ್ಲಿಸಿತು. ಹೆಸರಿನ ಹೋಲಿಕೆಯಿಂದ ಬಡವನನ್ನು ಕಾರಿನ ಒಡೆಯನೆಂದು ಬಗೆದ ಪ್ರಕರಣವೂ ವರದಿಯಾಗಿದೆ. ರದ್ದಾಗಿದ್ದ ಸುಮಾರು ೧೯ ಲಕ್ಷ ಚೀಟಿಗಳನ್ನು ಸ್ಥಳಕ್ಕೆ ಹೋಗಿ ಮತ್ತೆ ಪರಿಶೀಲಿಸಬೇಕೆಂದು ಸರ್ವೋಚ್ಚ ನ್ಯಾಯಾಲಯವು ೨೦೨೨ರಲ್ಲಿ ಆದೇಶಿಸಬೇಕಾಯಿತು. ಶ್ರೀಮಂತ ದೇಶಗಳೂ ಇದಕ್ಕೆ ಹೊರತಲ್ಲ. ಶಿಶುಪಾಲನೆಯ ಭತ್ಯೆ ಪಡೆದ ಸಾವಿರಾರು ಕುಟುಂಬಗಳನ್ನು ಮೋಸಗಾರರೆಂದು ತಪ್ಪಾಗಿ ಆರೋಪಿಸಿದ ಪ್ರಕರಣದಿಂದ ನೆದರ್ಲೆಂಡ್ಸಿನ ಸರಕಾರವು ೨೦೨೧ರ ಜನವರಿಯಲ್ಲಿ ರಾಜೀನಾಮೆ ಕೊಟ್ಟಿತು. ಸಂಶಯದ ಶ್ರೇಣಿಯನ್ನು ಗೊತ್ತುಮಾಡಿದ ಗಣಕಕ್ರಮವು ರಾಷ್ಟ್ರೀಯತೆಯನ್ನೂ ಎಣಿಕೆಗೆ ಹಿಡಿದಿತ್ತು.

೫

ಇಲ್ಲಿ ಒಂದು ಆಕ್ಷೇಪವನ್ನು ಎದುರಿಸುವುದು ಉಚಿತ. ಲಂಚ, ಜಾತಿ, ದಾಕ್ಷಿಣ್ಯಗಳಿಗೆ ಒಳಗಾದ ಮನುಷ್ಯನಿಗಿಂತ ನಿರ್ವಿಕಾರವಾದ ಯಂತ್ರವೇ ಮೇಲಲ್ಲವೆ? ಅಶೋಕನು ಎಣಿಸಿದ ಈರ್ಷ್ಯೆ, ಕೋಪ, ಆಲಸ್ಯಗಳು ಯಂತ್ರಕ್ಕೆ ಇಲ್ಲವೆಂಬುದು ನಿಜ. ಪಟವಾರಿಯ ಕಾಲವನ್ನು ಕಂಡ ಸೀಮೆಯು ಈ ಮಾತನ್ನು ಹಗುರವಾಗಿ ತಳ್ಳಿಹಾಕಲಾರದು. ಆದರೆ ಯಂತ್ರವು ಕಲಿಯುವುದು ಆ ಪಟವಾರಿಯೇ ಬರೆದಿಟ್ಟ ದಾಖಲೆಗಳಿಂದ. ಉಳುವವನ ಹೆಸರು ಎಲ್ಲಿ ಬಿಟ್ಟುಹೋಗಿತ್ತೋ, ದುಡಿಯುವ ಹೆಂಗಸಿನ ಹೆಸರು ಎಲ್ಲಿ ಬರೆಯಲ್ಪಡಲೇ ಇಲ್ಲವೋ, ಆ ಮೌನವನ್ನು ಯಂತ್ರವು ‘ಇಲ್ಲ’ ಎಂದೇ ಓದುತ್ತದೆ. ಹಳೆಯ ಪಕ್ಷಪಾತವು ಹೀಗೆ ಬರೆದವನ ಹೆಸರನ್ನು ಕಳೆದುಕೊಂಡು, ಗಣಿತದ ಉಡುಪಿನಲ್ಲಿ ಹಿಂದಿರುಗುತ್ತದೆ. ಅಲ್ಲದೆ ಒಬ್ಬ ಪಟವಾರಿಯ ತಪ್ಪು ಅವನ ಕೆಲವೇ ಊರುಗಳಿಗೆ ಸೀಮಿತ. ಒಂದು ಗಣಕಕ್ರಮದ ತಪ್ಪು ಒಂದೇ ದಿನ ರಾಜ್ಯದಾದ್ಯಂತ ಹರಡಬಲ್ಲದು. ಕಾರಣ ಕೇಳಲು ಹೋದವನಿಗೆ ಕಚೇರಿಯವನು ‘ಯಂತ್ರವೇ ಹಾಗೆ ತೋರಿಸುತ್ತದೆ’ ಎಂದರೆ, ಯಂತ್ರವನ್ನು ರಚಿಸಿದವನು ‘ದಾಖಲೆ ಹಾಗಿದೆ’ ಎನ್ನುತ್ತಾನೆ. ಹೊಣೆಯು ಎಲ್ಲರಲ್ಲಿಯೂ ಹಂಚಿಹೋಗಿ ಯಾರಲ್ಲಿಯೂ ಉಳಿಯದು.

ಆದುದರಿಂದ ಯಂತ್ರ ಬೇಕೆ ಬೇಡವೆ ಎಂಬ ವಾದವು ಅಷ್ಟು ಫಲಕಾರಿಯಲ್ಲ. ೧೯೬೪ರ ಶಾಸನವು ಬರೆಹಕ್ಕೆ ವಿಧಿಸಿದ ಮೂರು ಮೆಟ್ಟಿಲುಗಳನ್ನು ಯಂತ್ರದ ತೀರ್ಮಾನಕ್ಕೂ ವಿಧಿಸಬೇಕೆಂಬುದೇ ಚರಿತ್ರೆಯಿಂದ ದೊರೆಯುವ ಪಾಠ. ತೀರ್ಮಾನವು ಜಾರಿಗೆ ಬರುವ ಮೊದಲು, ಅದರ ಕಾರಣದೊಡನೆ, ಸಂಬಂಧಪಟ್ಟವರಿಗೆ ಕನ್ನಡದಲ್ಲಿ ತಿಳಿಯಬೇಕು. ತಕರಾರನ್ನು ದಾಖಲಿಸಿ, ಸ್ಥಳಕ್ಕೆ ಬಂದು ನೋಡುವ ಹೊಣೆ ಹೆಸರುಳ್ಳ ಒಬ್ಬ ಅಧಿಕಾರಿಯದಾಗಬೇಕು. ಯಂತ್ರದ ಉತ್ತರವನ್ನು ಮೀರಿ ತೀರ್ಪು ಕೊಡುವ ಅಧಿಕಾರ ಅಪೀಲಿನವನಿಗೆ ಇರಬೇಕು. ಇವಿಲ್ಲದ ಯಂತ್ರದ ಬರೆಹಕ್ಕೆ ಸತ್ಯವೆಂಬ ಮನ್ನಣೆ ಸಲ್ಲದು.

ಈ ಕಾರ್ಯದಲ್ಲಿ ಇತಿಹಾಸ ವಿಭಾಗಗಳಿಗೂ ಪಾಲಿದೆ. ಈ ನಾಲ್ಕು ತಾಲ್ಲೂಕುಗಳ ಕಚೇರಿಗಳ ಹಳೆಯ ತಕರಾರು ವಹಿಗಳನ್ನೂ ಭೂನ್ಯಾಯಮಂಡಲಿಗಳ ಕಡತಗಳನ್ನೂ ನಮ್ಮ ವಿದ್ಯಾರ್ಥಿಗಳು ಅಭ್ಯಸಿಸುವುದು ಅವಶ್ಯ. ದಾಖಲೆಯು ಎಲ್ಲಿ ತಪ್ಪಿತು, ಆ ತಪ್ಪನ್ನು ಯಾರು ಹೇಗೆ ತಿದ್ದಿಸಿಕೊಂಡರು ಎಂಬುದರ ಚರಿತ್ರೆ ಅವುಗಳಲ್ಲಿ ಅಡಗಿದೆ. ಪಹಣಿಗಳು ಗಣಕಕ್ಕೆ ಏರಿದಾಗ ಆ ಕಡತಗಳು ಅವುಗಳೊಡನೆ ಏರಲಿಲ್ಲ. ಸಾಧುವೆನಿಸಿದ ನಮೂದನ್ನು ಮಾತ್ರ ಯಂತ್ರಕ್ಕೆ ಕಲಿಸಿ, ಅದಕ್ಕೆ ಬಂದ ತಕರಾರನ್ನು ಕಲಿಸದೆ ಬಿಟ್ಟರೆ, ಅರ್ಧ ಚರಿತ್ರೆಯನ್ನು ಮಾತ್ರ ಕಲಿಸಿದಂತಾಗುವುದು.