ಕೊಲೆಯ ನ್ಯಾಯವಿಚಾರಣೆಯಲ್ಲಿ ಸಂದರ್ಭಸಾಕ್ಷ್ಯವೂ ಮರಣವಾಕ್ಯವೂ

ಶೂದ್ರಕನ ಮೃಚ್ಛಕಟಿಕದ ಒಂಬತ್ತನೆಯ ಅಂಕದಲ್ಲಿ ಚಾರುದತ್ತನನ್ನು ಕೊಲೆಗಾರನೆಂದು ನಿರ್ಣಯಿಸುವುದು ಮುಖ್ಯವಾಗಿ ಸಂದರ್ಭಗಳ ಬಲದಿಂದ. ವಸಂತಸೇನೆಯು ಅವನ ಮನೆಗೆ ಹೋಗಿದ್ದಳೆಂದು ಆಕೆಯ ತಾಯಿ ನುಡಿಯುತ್ತಾಳೆ. ಉದ್ಯಾನದಲ್ಲಿ ಸ್ತ್ರೀಶವವೊಂದು ಕಾಣುತ್ತದೆ. ಮೈತ್ರೇಯನ ಕಂಕುಳಿನಿಂದ ಆಕೆಯ ಆಭರಣಗಳು ಉದುರುತ್ತವೆ. ಈ ಮೂರೂ ಸತ್ಯವೇ. ಇವುಗಳಿಂದ ಮಾಡಿದ ಅನುಮಾನವು ಮಾತ್ರ ಅಸತ್ಯ. ಮುಂದಿನ ಅಂಕದಲ್ಲಿ ವಸಂತಸೇನೆಯೇ ವಧ್ಯಸ್ಥಾನಕ್ಕೆ ಬಂದು ನಿಲ್ಲುತ್ತಾಳೆ.

ಈ ಅಪಾಯವನ್ನು ಕೌಟಿಲ್ಯನು ಬಲ್ಲವನಾಗಿದ್ದನು. ಕಳ್ಳರ ದಾರಿಯಲ್ಲಿ ಆಕಸ್ಮಿಕವಾಗಿ ಸಿಕ್ಕಿದವನೂ ವೇಷ, ಆಯುಧ, ಸರಕುಗಳ ಸಾಮ್ಯದಿಂದ ಕಳ್ಳನೆನಿಸಬಹುದು. ಆದಕಾರಣ ಪ್ರಮಾಣವು ಪೂರ್ಣವಾದ ಬಳಿಕವೇ ದಂಡಿಸತಕ್ಕದ್ದೆಂದು ಅರ್ಥಶಾಸ್ತ್ರದ ನಾಲ್ಕನೆಯ ಅಧಿಕರಣವು ವಿಧಿಸುತ್ತದೆ.

ಚಾರುದತ್ತನ ವಿಚಾರಣೆಯಲ್ಲಿಲ್ಲದ ಇನ್ನೊಂದು ಪ್ರಮಾಣವು ಹತರಾದವರ ವಚನ. ಮೃತರು ತಮ್ಮ ಮರಣಕಾರಣವನ್ನು ಕುರಿತು ಬಾಯಿಮಾತಿನಲ್ಲಿ ಹೇಳಿದುದೂ ಗ್ರಾಹ್ಯವೆಂದು 1872ನೆಯ ಭಾರತೀಯ ಸಾಕ್ಷ್ಯಶಾಸನದ 32ನೆಯ ಕಲಮು ಸಾರಿತು. 2024ರಲ್ಲಿ ಜಾರಿಗೆ ಬಂದ ಹೊಸ ಶಾಸನವೂ ಅದನ್ನು ಉಳಿಸಿಕೊಂಡಿದೆ. ಆದರೆ ಆ ವಚನಕರ್ತರನ್ನು ಪಾಟೀಸವಾಲಿಗೆ ಕರೆಯುವಂತಿಲ್ಲ. 1984ರಲ್ಲಿ ಮಹಾರಾಷ್ಟ್ರದ ಮೊಕದ್ದಮೆಯೊಂದರಲ್ಲಿ ಸರ್ವೋಚ್ಚ ನ್ಯಾಯಾಲಯವು ಮೃತಸ್ತ್ರೀಯ ಪತ್ರಗಳನ್ನೂ ಮಾತುಗಳನ್ನೂ ಪರಿಶೀಲಿಸಿ, ಸಂದರ್ಭಗಳ ಸರಪಣಿಯು ಪೂರ್ಣವಾಗಿಲ್ಲವೆಂದು, ಮರಣದಂಡನೆಗೆ ಗುರಿಯಾಗಿದ್ದ ಆರೋಪಿಯನ್ನು ಬಿಡುಗಡೆ ಮಾಡಿತು.

ನಾಟಕದಲ್ಲಿ ಹತಳೆನಿಸಿದವಳು ಬದುಕಿ ಬಂದು ತೀರ್ಪನ್ನು ತಿದ್ದಿದಳು. ಲೋಕದಲ್ಲಿ ಹಾಗೆ ಬರುವವರಿಲ್ಲ. ಆದುದರಿಂದಲೇ ಪ್ರಮಾಣಪೂರ್ತಿಯು ದಂಡಕ್ಕೆ ಮೊದಲೇ ಆಗಬೇಕು.