ಅರಮನೆಯಿಂದ ಸೆರೆಮನೆಗೆ: ಟಿಪ್ಪುವಿನ ಮಕ್ಕಳ ಕಥೆ

ಸಿಂಹಾಸನ ಉರುಳಿದ ಸುದ್ದಿಯನ್ನು ಚರಿತ್ರೆ ದೊಡ್ಡ ಅಕ್ಷರಗಳಲ್ಲಿ ಬರೆದಿಡುತ್ತದೆ. ಅದರ ನೆರಳಿನಲ್ಲಿ ಬೆಳೆದ ಮಕ್ಕಳು ಮುಂದೆ ಏನಾದರು ಎಂದು ಕೇಳುವವರು ವಿರಳ.

ಜರಗನಹಳ್ಳಿಯ ನಾವು ದಿನವೂ ಕನಕಪುರ ರಸ್ತೆಯಲ್ಲಿ ಓಡಾಡುತ್ತೇವೆ. 1799ರ ಮಾರ್ಚ್ ತಿಂಗಳಲ್ಲಿ ಜನರಲ್ ಹ್ಯಾರಿಸನ ಸೈನ್ಯವು ಬೆಂಗಳೂರಿನ ಕಡೆಯಿಂದ ಆ ಕನಕಪುರವನ್ನೇ, ಅಂದಿನ ಕಾನಕಾನಹಳ್ಳಿಯನ್ನು, ಹಾದು ಮಳವಳ್ಳಿಯತ್ತ ನಡೆಯಿತು. ಮೇ 4ರಂದು ಶ್ರೀರಂಗಪಟ್ಟಣ ಬಿದ್ದಿತು. ಟಿಪ್ಪು ಸುಲ್ತಾನ್ ಕಾದಾಡುತ್ತಲೇ ಮಡಿದನು. 1784ರಲ್ಲಿ ಕರಾವಳಿಯಿಂದ ಸೆರೆಹಿಡಿದು ತಂದಿದ್ದ ಕ್ರೈಸ್ತರಲ್ಲಿ ಬದುಕುಳಿದವರಿಗೆ ಆಗ ಬಿಡುಗಡೆಯಾಯಿತು. ಅದೇ ವರ್ಷ ಟಿಪ್ಪುವಿನ ಗಂಡುಮಕ್ಕಳು ವೆಲ್ಲೂರಿನ ಕೋಟೆಗೆ ಸೆರೆಯಾಳುಗಳಾಗಿ ಹೊರಟರು. ಅರಮನೆಯ ಹೆಂಗಸರೂ ಮುಂದೆ ಅಲ್ಲಿಗೇ ಹೋದರು.

ಅವರಲ್ಲಿ ಮೊಯಿಜುದ್ದೀನನಿಗೆ ಸೆರೆ ಹೊಸದಲ್ಲ. 1792ರ ಒಪ್ಪಂದದಂತೆ ಅವನನ್ನೂ ಅಣ್ಣ ಅಬ್ದುಲ್ ಖಾಲಿಕನನ್ನೂ ಕಾರ್ನ್‌ವಾಲಿಸನಿಗೆ ಒತ್ತೆಯಾಗಿ ಒಪ್ಪಿಸಲಾಗಿತ್ತು. ಆಗ ಅವನಿಗೆ ಸುಮಾರು ಎಂಟು ವರ್ಷ. 1794ರಲ್ಲಿ ಮನೆಗೆ ಮರಳಿದ ಹುಡುಗ, ಐದೇ ವರ್ಷಗಳಲ್ಲಿ ಮತ್ತೆ ಕೈದಿ.

1806ರಲ್ಲಿ ಸಿಪಾಯಿಗಳಿಗೆ ಹೊಸ ಬಗೆಯ ಪೇಟ ತೊಡಲು ಆಜ್ಞೆಯಾಯಿತು. ಹಣೆಯ ಮೇಲಿನ ನಾಮ, ಕಿವಿಯ ಒಂಟಿಗಳನ್ನೂ ಬೇಡವೆಂದರು. ಹಿಂದೂಗಳೂ ಮುಸ್ಲಿಮರೂ ತಮ್ಮ ಧರ್ಮಕ್ಕೆ ಕೈಯಿಟ್ಟರೆಂದು ಕುದಿದರು. ಜುಲೈ 10ರ ನಸುಕಿನಲ್ಲಿ ವೆಲ್ಲೂರಿನ ಕೋಟೆ ಸಿಪಾಯಿಗಳ ವಶವಾಯಿತು. ಟಿಪ್ಪುವಿನ ಹುಲಿಪಟ್ಟೆಯ ಬಾವುಟ ಮೇಲೇರಿತು. ಆರ್ಕಾಟಿನಿಂದ ಧಾವಿಸಿ ಬಂದ ಗಿಲೆಸ್ಪಿಯ ಕುದುರೆಪಡೆ ಅದೇ ದಿನ ದಂಗೆಯನ್ನು ರಕ್ತದಲ್ಲಿ ಅಡಗಿಸಿತು. ಎರಡೂ ಕಡೆ ನೂರಾರು ಜೀವಗಳು ಹೋದವು.

ದಂಗೆಗೆ ಕಾರಣವಾದ ಆಜ್ಞೆಯನ್ನು ಕಂಪನಿ ಹಿಂತೆಗೆದುಕೊಂಡಿತು. ಮದರಾಸಿನ ಗವರ್ನರ್ ಬೆಂಟಿಂಕನನ್ನು 1807ರಲ್ಲಿ ಹಿಂದಕ್ಕೆ ಕರೆಸಿಕೊಂಡಿತು. ಆದರೂ ರಾಜಕುಮಾರರಿಗೆ ಕ್ಷಮೆಯಿರಲಿಲ್ಲ. ಮೊಯಿಜುದ್ದೀನನ ಮೇಲೆ ಬಲವಾದ ಸಂಶಯವಿತ್ತು. ಶಿಕ್ಷೆ ಮಾತ್ರ ಎಲ್ಲರಿಗೂ ಬಂತು. ಕನ್ನಡ ನಾಡಿನಿಂದ ಇನ್ನಷ್ಟು ದೂರ, ಕಲ್ಕತ್ತೆಗೆ, ಅವರನ್ನು ಸಾಗಿಸಲಾಯಿತು.

ಚಿಕ್ಕ ವಯಸ್ಸಿನಲ್ಲೇ ತಂದೆಯನ್ನು ಕಳೆದುಕೊಂಡ ಕಿರಿಯ ಮಗ ಗುಲಾಮ್ ಮಹಮ್ಮದ್, 1842ರಲ್ಲಿ ಕಲ್ಕತ್ತೆಯ ಧರ್ಮತಲಾದಲ್ಲಿ ತಂದೆಯ ನೆನಪಿಗೆ ಮಸೀದಿ ಕಟ್ಟಿಸಿದನು. ಅದು ಇಂದಿಗೂ ಇದೆ. ಇದೇ ವಂಶದ ನೂರ್ ಇನಾಯತ್ ಖಾನ್, ಎರಡನೆಯ ಮಹಾಯುದ್ಧದಲ್ಲಿ ಬ್ರಿಟಿಷರ ಪರವಾಗಿ ಪ್ಯಾರಿಸಿನಲ್ಲಿ ಗುಪ್ತವಾಗಿ ರೇಡಿಯೋ ಸಂದೇಶ ಕಳಿಸುತ್ತಿದ್ದಳು. ನಾಜಿಗಳು 1944ರ ಸೆಪ್ಟೆಂಬರಿನಲ್ಲಿ ಡಖಾವ್ ಶಿಬಿರದಲ್ಲಿ ಅವಳನ್ನು ಗುಂಡಿಟ್ಟು ಕೊಂದರು. ಯಾವ ಬ್ರಿಟನ್ ಅವಳ ಪೂರ್ವಜರನ್ನು ಸೆರೆಯಲ್ಲಿಟ್ಟಿತ್ತೋ ಅದೇ ಬ್ರಿಟನ್ 1949ರಲ್ಲಿ ಅವಳಿಗೆ ಜಾರ್ಜ್ ಕ್ರಾಸ್ ಪದಕವಿತ್ತು ಗೌರವಿಸಿತು.

ಪ್ರಿಯರೇ, ಶ್ರೀರಂಗಪಟ್ಟಣದ ಸೆರೆಯನ್ನು ನಮ್ಮ ಜನ ಮರೆತಿಲ್ಲ, ಮರೆಯಬೇಕಾಗಿಯೂ ಇಲ್ಲ. ಆದರೆ ತಂದೆಯ ಲೆಕ್ಕವನ್ನು ಎಂಟು ವರ್ಷದ ಮಗುವಿನಿಂದ ವಸೂಲು ಮಾಡುವುದು ನ್ಯಾಯವಲ್ಲ. ಸೆರೆಯ ಕಹಿಯುಂಡ ಹಿರಿಯರ ಮಕ್ಕಳಾದ ನಾವು, ಆ ಕಹಿಯನ್ನು ಬೇರೆಯವರ ಮಕ್ಕಳ ಬದುಕಿನಲ್ಲೂ ಗುರುತಿಸಬಲ್ಲೆವಾದರೆ, ನಮ್ಮ ನೆನಪು ಹಗೆಯಾಗದೆ ಕರುಣೆಯಾಗುತ್ತದೆ.